ಎಂಟೇ ವರ್ಷ ನಟಿಸಿ ತೆರೆ ಬಿಟ್ಟ ಮಿಯೆ ಕಿತಾಹಾರಾ

ಪ್ರಶ್ನೆ: ಇತ್ತೀಚೆಗೆ 'ಕ್ರೇಜ್ಡ್ ಫ್ರೂಟ್' ಎಂಬ 1956ರ ಜಪಾನಿ ಸಿನಿಮಾ ನೋಡಿದೆ. ಅದರ ನಾಯಕಿ ಮಿಯೆ ಕಿತಾಹಾರಾ ತುಂಬಾ ಹಿಡಿಸಿದರು. ಅವರ ಬೇರೆ ಸಿನಿಮಾ ಹುಡುಕಿದರೆ 1960ರ ನಂತರ ಒಂದೂ ಇಲ್ಲ! ಏನಾಯಿತು? ಅವಕಾಶ ಸಿಗಲಿಲ್ಲವೇ, ಇಲ್ಲ ಯಾರಾದರೂ ಬಲವಂತವಾಗಿ ಬಿಡಿಸಿದರೇ? ಅವರ ಇನ್ನು ಯಾವ ಸಿನಿಮಾ ನೋಡಬಹುದು?

ಉತ್ತರ: ಅವಕಾಶಕ್ಕೇನೂ ಬರ ಇರಲಿಲ್ಲ. 1960ರ ಡಿಸೆಂಬರ್ 2ರಂದು ಅವರ ಮದುವೆಯಾಯಿತು. ಆಗ ಅವರಿಗೆ 27 ವರ್ಷ. ವರ ಯಾರು ಗೊತ್ತೇ? ನೀವು ನೋಡಿದ ಸಿನಿಮಾದಲ್ಲಿ ಅಣ್ಣನ ಪಾತ್ರ ಮಾಡಿದ ಯೂಜಿರೋ ಇಶಿಹಾರಾ. ಅಷ್ಟು ಹೊತ್ತಿಗೆ ಆತ ಜಪಾನಿನ ಅತಿ ದೊಡ್ಡ ಸ್ಟಾರ್. ಮದುವೆಯ ನಂತರ ಆಕೆ ಮತ್ತೆ ನಾಯಕಿಯಾಗಿ ಕ್ಯಾಮೆರಾ ಮುಂದೆ ಬರಲಿಲ್ಲ.

ಇಷ್ಟನ್ನೇ ಹೇಳಿದರೆ 'ಮದುವೆ ಒಬ್ಬ ಒಳ್ಳೆ ನಟಿಯನ್ನು ನುಂಗಿತು' ಅನ್ನೋ ಕತೆಯಾಗುತ್ತದೆ. ನನಗೆ ಅದು ಅರ್ಧ ಮಾತ್ರ ಸರಿ ಅನಿಸುತ್ತದೆ. ಮದುವೆಗೆ ಮೂರು ವರ್ಷ ಮೊದಲೇ ಅವರ ಪಾತ್ರಗಳು ಸಣ್ಣದಾಗತೊಡಗಿದ್ದವು. ಹಾಗೆ ಮಾಡಿದ್ದು ಗಂಡನಲ್ಲ, ಗಲ್ಲಾಪೆಟ್ಟಿಗೆ. ಅದಕ್ಕೇ ಸ್ವಲ್ಪ ಹಿಂದಿನಿಂದ ಶುರು ಮಾಡೋಣ.

ಮಿಯೆ ಹುಟ್ಟಿದ್ದು 1933ರಲ್ಲಿ, ಟೋಕಿಯೋದಲ್ಲಿ. ನಿಜವಾದ ಹೆಸರು ಮಾಕಿಕೋ ಅರಾಯಿ. ಸಿನಿಮಾಕ್ಕೆ ಬಂದದ್ದು ನೃತ್ಯದ ದಾರಿಯಲ್ಲಿ. ಟೋಕಿಯೋದ ಯೂರಾಕುಚೋದಲ್ಲಿ ನಿಚಿಗೆಕಿ ಎಂಬ ದೊಡ್ಡ ರಂಗಮಂದಿರ ಇತ್ತು. ಅದರ ನೃತ್ಯ ತಂಡದಲ್ಲಿ ಆಕೆ ಇದ್ದರು. ಕಿಮೋನೋ ಉಟ್ಟು ಪುಟ್ಟ ಹೆಜ್ಜೆ ಇಡುವ ನಡಿಗೆ ಅಲ್ಲ ಅವರದ್ದು, ಉದ್ದ ಕಾಲಿನ ಬೀಸು ನಡಿಗೆ. ನೀವೂ ಗಮನಿಸಿರಬಹುದು. 1953ರಲ್ಲಿ ಕಿನುಕೋ ಇತೋ ಎಂಬ ಮಾಡೆಲ್ ಮಿಸ್ ಯೂನಿವರ್ಸ್ ಸ್ಪರ್ಧೆಯಲ್ಲಿ ಮೂರನೇ ಸ್ಥಾನ ಪಡೆದರು. ಆಮೇಲೆ ಜಪಾನಿನಲ್ಲಿ ಎತ್ತರದ, ಉದ್ದ ಕಾಲಿನ ಹೆಣ್ಣುಮಕ್ಕಳ ಬಗ್ಗೆ ಒಂದು ಹುಚ್ಚೇ ಹತ್ತಿತ್ತು. ಮಿಯೆ ಸರಿಯಾದ ಹೊತ್ತಿಗೆ ಬಂದರು.

ಮೊದಲು ಸೇರಿದ್ದು ಶೋಚಿಕು ಕಂಪನಿಗೆ. ಅಲ್ಲಿ ಅವರ ಮುಖ ಜನರಿಗೆ ಪರಿಚಯವಾದದ್ದು 'ಕಿಮಿ ನೋ ನಾ ವಾ' ಸಿನಿಮಾದ ಎರಡನೇ ಭಾಗದಲ್ಲಿ, 1953ರ ಕೊನೆಯಲ್ಲಿ. (ಅದೇ ಹೆಸರಿನ ಈಚಿನ ಅನಿಮೇಷನ್ ಸಿನಿಮಾಕ್ಕೂ ಇದಕ್ಕೂ ಸಂಬಂಧವಿಲ್ಲ, ಗೊಂದಲ ಬೇಡ.) ರೇಡಿಯೋ ಧಾರಾವಾಹಿಯಿಂದ ಹುಟ್ಟಿದ ಈ ಕಣ್ಣೀರ ಕತೆಗೆ ಆಗ ಇಡೀ ಜಪಾನ್ ಮುಗಿಬಿದ್ದಿತ್ತು. ಅದರಲ್ಲಿ ಮಿಯೆ ಹೊಕ್ಕಾಯ್ಡೋ ದ್ವೀಪದ ಐನು ಬುಡಕಟ್ಟಿನ ಹುಡುಗಿ. ನಾಯಕನನ್ನು ಪ್ರೀತಿಸುತ್ತಾಳೆ, ಅವನಿಗೆ ಇವಳು ಬೇಡ. ಟೋಕಿಯೋ ನಟಿಗೆ ಐನು ವೇಷ ಹಾಕಿಸಿದ್ದು ಇವತ್ತು ನೋಡಿದರೆ ಮುಜುಗರವೇ. ಪಾತ್ರವೂ ಚಿಕ್ಕದು. ಆದರೆ ಅತ್ತೂ ಕರೆದೂ ಮಾಡುವ ಆ ಸಿನಿಮಾದಲ್ಲಿ ಗಟ್ಟಿಯಾಗಿ ಕೋಪ ಮಾಡಿಕೊಳ್ಳೋಳು ಇವಳೊಬ್ಬಳೇ.

1954ರಲ್ಲಿ ಆಕೆ ನಿಕ್ಕಾತ್ಸು ಕಂಪನಿಗೆ ಬಂದರು. ಇಲ್ಲಿ ಸ್ವಲ್ಪ ನಿಲ್ಲಬೇಕು. ಆ ಕಾಲದ ಜಪಾನಿನಲ್ಲಿ ನಟ ನಟಿಯರು ಒಂದೊಂದು ಸ್ಟುಡಿಯೋದ ಸಂಬಳದವರು. ಕಂಪನಿ ಹೇಳಿದ ಸಿನಿಮಾ ಮಾಡಬೇಕು, ಬೇರೆ ಕಡೆ ಹೋಗೋ ಹಾಗಿಲ್ಲ. ನಿಕ್ಕಾತ್ಸು ಹಳೆಯ ಕಂಪನಿಯೇ. ಆದರೆ ಯುದ್ಧದ ಸಮಯದಲ್ಲಿ, 1942ರಲ್ಲಿ, ಸರ್ಕಾರ ಕಂಪನಿಗಳನ್ನು ಒಟ್ಟುಗೂಡಿಸಿದಾಗ ಅದರ ನಿರ್ಮಾಣ ವಿಭಾಗ ಕೈತಪ್ಪಿ ಹೋಗಿತ್ತು. ಥಿಯೇಟರುಗಳು ಮಾತ್ರ ಉಳಿದಿದ್ದವು. ಯುದ್ಧ ಮುಗಿದ ಮೇಲೆ ಅಮೆರಿಕದ ಸಿನಿಮಾ ಹಾಕಿ ದುಡ್ಡು ಮಾಡಿಕೊಂಡು, ಟೋಕಿಯೋ ಹೊರವಲಯದ ಚೋಫುವಿನಲ್ಲಿ ಹೊಸ ಸ್ಟುಡಿಯೋ ಕಟ್ಟಿ, 1954ರಲ್ಲಿ ಮತ್ತೆ ಸಿನಿಮಾ ತಯಾರಿಸಲು ಇಳಿಯಿತು. ಇದರ ಸುಳಿವು ಸಿಕ್ಕ ಉಳಿದ ಐದು ಕಂಪನಿಗಳು 1953ರಲ್ಲೇ ಕೈಜೋಡಿಸಿದ್ದವು: ಯಾರೂ ಇನ್ನೊಬ್ಬರ ನಟರನ್ನು, ನಿರ್ದೇಶಕರನ್ನು ಎಳೆದುಕೊಳ್ಳಬಾರದು. ಇದು ನಿಕ್ಕಾತ್ಸುವಿಗೆ ಹಾಕಿದ ಬೇಲಿಯೇ.

ಹಾಗಾಗಿ ನಿಕ್ಕಾತ್ಸುವಿನಲ್ಲಿ ದೊಡ್ಡ ಹೆಸರಿನವರು ಕಮ್ಮಿ ಇದ್ದರು. ಹೊಸಬರಿಗೆ ಜಾಗ ಧಾರಾಳ. ಬೇರೆ ಕಡೆ ಇನ್ನೂ ಹತ್ತು ವರ್ಷ ತಂಗಿಯ ಪಾತ್ರ ಮಾಡಿಕೊಂಡು ಇರಬೇಕಾದವರಿಗೆ ಇಲ್ಲಿ ನೇರ ಮುಖ್ಯ ಪಾತ್ರ. ಮಿಯೆಯ ಅತಿ ಒಳ್ಳೆಯ ಕೆಲಸ ಬಂದದ್ದು ಈ ಎರಡು ಮೂರು ವರ್ಷಗಳಲ್ಲೇ ಎಂದು ನನ್ನ ಅಭಿಪ್ರಾಯ.

1955ರ ಜನವರಿಯಲ್ಲಿ ಬಂದ 'ತ್ಸುಕಿ ವಾ ನೊಬೊರಿನು' ನೋಡಿ. 'ಚಂದ್ರ ಮೂಡಿದ' ಅಂತ ಅರ್ಥ. ದೊಡ್ಡ ನಿರ್ದೇಶಕ ಯಾಸುಜಿರೋ ಓಜು ಇನ್ನೊಬ್ಬರ ಜೊತೆ ಸೇರಿ ಬರೆದಿದ್ದ ಹಳೆಯ ಚಿತ್ರಕತೆ ಅದು. ನಿರ್ದೇಶಿಸಿದ್ದು ಹೆಸರಾಂತ ನಟಿ ಕಿನುಯೋ ತನಾಕಾ. ಅದು ಅವರ ನಿರ್ದೇಶನದ ಎರಡನೇ ಸಿನಿಮಾ. ನಾರಾ ಊರಿನಲ್ಲಿ ಅಪ್ಪ, ಮೂರು ಹೆಣ್ಣುಮಕ್ಕಳು. ಕೊನೆಯವಳು ಸೆತ್ಸುಕೋ, ಅದೇ ಮಿಯೆ. ಅವಳಿಗೆ ನಡುವಿನ ಅಕ್ಕನ ಮದುವೆ ಮಾಡಿಸೋ ಹಟ. ಅಕ್ಕನಿಗೂ ಊರಿಗೆ ಬಂದಿರುವ ಪರಿಚಯದ ಹುಡುಗನಿಗೂ ಹೇಗಾದರೂ ಗಂಟು ಹಾಕಬೇಕು. ಅದಕ್ಕೊಂದು ನಾಟಕ ಹೂಡುತ್ತಾಳೆ. ಮನೆಗೆಲಸದ ಹೆಂಗಸು ಅಕ್ಕನ ದನಿಯಲ್ಲಿ ಹುಡುಗನಿಗೆ ಫೋನ್ ಮಾಡಬೇಕು. ಸೆತ್ಸುಕೋ ಅವಳನ್ನು ಕೂರಿಸಿಕೊಂಡು ಒಂದೊಂದೇ ಮಾತು ಹೇಳಿಕೊಡುತ್ತಾಳೆ. ಆ ಹೆಂಗಸಿಗೆ ನಾಲಿಗೆ ಹೊರಳುವುದಿಲ್ಲ. ಹೇಳಿಕೊಟ್ಟದ್ದನ್ನೆಲ್ಲ ಕಟ್ಟಿಗೆಯ ಹಾಗೆ ಒಪ್ಪಿಸುತ್ತಾಳೆ. 'ಹಾಗಲ್ಲ, ಹೀಗೆ' ಅಂತ ಇವಳು ಮತ್ತೆ ಶುರು. ಇದರ ಮಜಾ ಏನು ಅಂದರೆ, ಆ ಕೆಲಸದ ಹೆಂಗಸಿನ ಪಾತ್ರ ಮಾಡಿದವರು ನಿರ್ದೇಶಕಿ ಕಿನುಯೋ ತನಾಕಾ ಅವರೇ. ದೇಶದ ದೊಡ್ಡ ನಟಿಗೆ 21 ವರ್ಷದ ಹುಡುಗಿ ನಟನೆ ಹೇಳಿಕೊಡುತ್ತಿದ್ದಾಳೆ! ಇಬ್ಬರಿಗೂ ಅದು ಗೊತ್ತು, ಇಬ್ಬರೂ ಖುಷಿಯಿಂದ ಮಾಡಿದ್ದಾರೆ. ಹಾಸ್ಯದಲ್ಲಿ ಮಿಯೆಯ ಟೈಮಿಂಗ್ ಎಷ್ಟು ಚುರುಕು ಅನ್ನೋದಕ್ಕೆ ಈ ಒಂದು ದೃಶ್ಯ ಸಾಕು. ಬೇರೆಯವರ ಪ್ರೀತಿ ಕೂಡಿಸಲು ಓಡಾಡುವ ಈ ಹುಡುಗಿಗೆ ತನ್ನದೇ ಪ್ರೀತಿ ಎದುರಿಗೆ ಬಂದಾಗ ಬಾಯಿ ಕಟ್ಟಿಹೋಗುತ್ತದೆ. ಆ ಭಾಗವನ್ನೂ ಅವರು ಚೆನ್ನಾಗಿ ನಿಭಾಯಿಸಿದ್ದಾರೆ.

ಅದೇ ವರ್ಷ ಯೂಜೋ ಕಾವಾಶಿಮಾ ನಿರ್ದೇಶನದ 'ಆಯಿ ನೋ ಒನಿಮೋತ್ಸು' ಬಂತು. ಇದು ಪಕ್ಕಾ ವಿಡಂಬನೆ. ಜನಸಂಖ್ಯೆ ಹೆಚ್ಚಿತು ಅಂತ ಆರೋಗ್ಯ ಮಂತ್ರಿ ಸಂತಾನ ನಿಯಂತ್ರಣದ ಮಸೂದೆ ತರಲು ಹೊರಟಿದ್ದಾನೆ. ಅಷ್ಟರಲ್ಲಿ ಅವನ ಮನೆಯಲ್ಲೇ ನಡುವಯಸ್ಸಿನ ಹೆಂಡತಿ ಬಸುರಿ. ಮಗನ ಕಡೆಯಿಂದಲೂ ಅದೇ ಸುದ್ದಿ. ಮಗನ ಪ್ರೇಯಸಿ ಮಂತ್ರಿಯ ಕಾರ್ಯದರ್ಶಿಯೇ, ಆ ಪಾತ್ರ ಮಿಯೆಯದು. ಮದುವೆಗೆ ಮೊದಲೇ ಬಸುರಾದ ಹುಡುಗಿ ಅಂದರೆ ಅಳಬೇಕು, ಸಾಯಲು ಹೊರಡಬೇಕು ಅನ್ನೋ ಕಾಲ ಅದು. ಇವಳು ಮಾತ್ರ ಆಫೀಸಿನ ಫೈಲ್ ವಿಲೇವಾರಿ ಮಾಡುವ ಹಾಗೆ ಈ ವಿಷಯವನ್ನೂ ಇತ್ಯರ್ಥ ಮಾಡುತ್ತಾಳೆ.

ಇನ್ನು ನೀವು ನೋಡಿದ ಸಿನಿಮಾ. 1956ರ ಜನವರಿಯಲ್ಲಿ ಶಿಂತಾರೋ ಇಶಿಹಾರಾ ಎಂಬ 23 ವರ್ಷದ ಹುಡುಗನಿಗೆ ಅಕುತಗಾವಾ ಎಂಬ ದೊಡ್ಡ ಸಾಹಿತ್ಯ ಪ್ರಶಸ್ತಿ ಸಿಕ್ಕಿತು. ದುಡ್ಡಿರುವ ಮನೆಗಳ ಪಡ್ಡೆ ಹುಡುಗರು, ಬೋಟು, ಕುಡಿತ, ಹುಡುಗಿಯರು: ಇದೇ ಅವನ ಕತೆಗಳ ಸಾಮಾನು. ಇಂಥವರಿಗೆ 'ಸೂರ್ಯನ ಪಂಗಡ' ಅಂತಲೇ ಹೆಸರು ಬಿತ್ತು. ನಿಕ್ಕಾತ್ಸು ಕೂಡಲೇ ಪ್ರಶಸ್ತಿ ಬಂದ ಕತೆಯನ್ನು ಸಿನಿಮಾ ಮಾಡಿತು, ಶಿಂತಾರೋನ ತಮ್ಮ ಯೂಜಿರೋಗೆ ಅದರಲ್ಲೊಂದು ಸಣ್ಣ ಪಾತ್ರ ಸಿಕ್ಕಿತು. ಎರಡೇ ತಿಂಗಳಲ್ಲಿ, ಜುಲೈನಲ್ಲಿ, 'ಕ್ರೇಜ್ಡ್ ಫ್ರೂಟ್'. ನಿರ್ಮಾಪಕಿ ತಾಕಿಕೋ ಮಿಜುನೋಎ. ಹಿಂದೆ ಸಂಗೀತ ರಂಗಭೂಮಿಯಲ್ಲಿ ಗಂಡು ವೇಷಕ್ಕೆ ಹೆಸರಾಗಿದ್ದ ಹೆಂಗಸು. ಯೂಜಿರೋನಲ್ಲಿ ಸ್ಟಾರ್ ಇದ್ದಾನೆ ಅಂತ ಮೊದಲು ಕಂಡುಕೊಂಡವರು ಇವರೇ. ನಿರ್ದೇಶಕ ಕೋ ನಾಕಾಹಿರಾ.

ನೀವು ನೋಡಿದ್ದೀರಿ, ಕತೆ ಮತ್ತೆ ಹೇಳಲ್ಲ. ಆದರೆ ಒಂದು ಮಾತು. ಎರಿ ಪಾತ್ರವನ್ನು ಅನೇಕರು 'ಅಣ್ಣ ತಮ್ಮಂದಿರನ್ನು ಕುಣಿಸುವ ಹೆಣ್ಣು' ಅಂತ ಒಂದೇ ಮಾತಲ್ಲಿ ಮುಗಿಸುತ್ತಾರೆ. ಮಿಯೆ ಹಾಗೆ ಆಡಿಲ್ಲ. ಎರಿಗೆ ವಯಸ್ಸಾದ ಅಮೆರಿಕನ್ ಗಂಡ ಇದ್ದಾನೆ. ಅಮೆರಿಕದ ಸೇನೆಯ ಆಡಳಿತ ಜಪಾನಿನಲ್ಲಿ ಮುಗಿದದ್ದು 1952ರ ಏಪ್ರಿಲ್‌ನಲ್ಲಿ, ಸಿನಿಮಾ ಬಂದದ್ದು ನಾಲ್ಕು ವರ್ಷಕ್ಕೆ. ಚಿಕ್ಕ ವಯಸ್ಸಲ್ಲೇ ವಿದೇಶಿಯನ್ನು ಮದುವೆಯಾದ ಹುಡುಗಿಯ ಹಿಂದಿನ ಬದುಕು ಹೇಗಿದ್ದಿರಬಹುದು ಅನ್ನೋದು ಆಗಿನ ಪ್ರೇಕ್ಷಕರಿಗೆ ಬಿಡಿಸಿ ಹೇಳಬೇಕಾಗಿರಲಿಲ್ಲ. ತಮ್ಮ ಹರುಜಿಯ ಜೊತೆ ಇದ್ದಾಗ ಅವಳು ತನಗೆ ಸಿಗದೇ ಹೋದ ಹದಿಹರೆಯವನ್ನು ಆಡಿ ನೋಡುತ್ತಿದ್ದಾಳೆ. ಅಣ್ಣ ನಾತ್ಸುಹಿಸಾನ ಜೊತೆ ಇದ್ದಾಗ ಆ ಆಟ ನಡೆಯುವುದಿಲ್ಲ, ಅವನಿಗೆ ಗುಟ್ಟು ಗೊತ್ತು. ಇಬ್ಬರ ಎದುರು ಅವಳ ನೋಟ, ದನಿ, ಕೂರುವ ರೀತಿ ಎಲ್ಲಾ ಬೇರೆ ಬೇರೆ. ಇನ್ನೊಮ್ಮೆ ನೋಡುವಾಗ ಇದನ್ನಷ್ಟೇ ಗಮನಿಸಿ. ಕೊನೆಯಲ್ಲಿ ತಮ್ಮನ ಮೋಟಾರುಬೋಟು ಅವರಿಬ್ಬರ ದೋಣಿಯ ಸುತ್ತ ಸುತ್ತುತ್ತಲೇ ಇರುತ್ತದಲ್ಲ, ಆಗ ಅವಳ ಮುಖದಲ್ಲಿ ಇರೋದು ಬರೀ ಭಯವಲ್ಲ. ಎರಡು ನಾಟಕವೂ ಒಟ್ಟಿಗೆ ಬಯಲಾದ ಗಲಿಬಿಲಿ.

ಫ್ರಾನ್ಸಿನಲ್ಲಿ ಈ ಸಿನಿಮಾ ನೋಡಿದ ಫ್ರಾಂಸ್ವಾ ತ್ರುಫೊ (ಮುಂದೆ ದೊಡ್ಡ ನಿರ್ದೇಶಕರಾದವರು, ಆಗಿನ್ನೂ ವಿಮರ್ಶಕ) ಮೆಚ್ಚಿ ಬರೆದರು. ಜಪಾನಿನಲ್ಲಿ ಗಲಾಟೆಯೇ ಆಯಿತು. ತಾಯಂದಿರ ಸಂಘ, ಶಾಲೆ, ಪತ್ರಿಕೆ ಎಲ್ಲರೂ ಸಿಟ್ಟಾದರು. ಸೆನ್ಸಾರ್ ನೋಡಿಕೊಳ್ಳುವ ಏರಿನ್ ಮಂಡಳಿಯನ್ನೇ ಹೊಸದಾಗಿ ಕಟ್ಟಬೇಕಾಯಿತು.

ಇದಾದ ಮೇಲೆ ಲೆಕ್ಕಾಚಾರ ಬದಲಾಯಿತು. 1956ರಲ್ಲಿ ಮಿಯೆ ಹೆಸರಾದ ನಟಿ, ಯೂಜಿರೋ ಕಾಲೇಜು ಬಿಟ್ಟು ಬಂದ ಹೊಸ ಹುಡುಗ. 1957ರ ಕೊನೆಗೆ ಇದು ತಲೆಕೆಳಗು. ಆ ವರ್ಷ ಬಂದ 'ಓರೆ ವಾ ಮಾತ್ತೆರು ಜೆ' ಇನ್ನೂ ಸಮತೂಕದ ಸಿನಿಮಾ. ಯೊಕೊಹಾಮಾ ಬಂದರು, ರೈಲು ಹಳಿ ಪಕ್ಕ ಸಣ್ಣ ಹೋಟೆಲು. ಬಾಕ್ಸಿಂಗ್ ಬಿಟ್ಟವನೊಬ್ಬ ಅದನ್ನು ನಡೆಸುತ್ತಿದ್ದಾನೆ. ಬ್ರೆಜಿಲ್‌ಗೆ ಹೋದ ಅಣ್ಣನ ಕಾಗದಕ್ಕೆ ಕಾಯುತ್ತಿದ್ದಾನೆ. ರಾತ್ರಿ ದಕ್ಕೆಯಲ್ಲಿ ಒಬ್ಬಳು ನಿಂತಿರೋದು ಕಾಣುತ್ತದೆ. ಅವಳು ಸಾಯೇಕೋ, ದನಿ ಕಳಕೊಂಡ ಹಾಡುಗಾರ್ತಿ. ತಾನೊಬ್ಬನನ್ನು ಕೊಂದುಬಿಟ್ಟೆ ಅಂತ ಹೆದರಿದ್ದಾಳೆ. ಇಬ್ಬರದೂ ಮುಗಿದುಹೋದ ಬದುಕು, ಇಬ್ಬರಿಗೂ ಸಮಪಾಲು ನೋವು. ಕಮ್ಮಿ ಮಾತು, ಮಂಜು, ಹಡಗಿನ ಸದ್ದು. ಕೊರೆಯೋಶಿ ಕುರಾಹಾರಾ ಎಂಬ ನಿರ್ದೇಶಕರ ಮೊದಲ ಸಿನಿಮಾ ಅಂದರೆ ನಂಬೋದು ಕಷ್ಟ.

ಅದೇ ವರ್ಷದ ಕೊನೆಯ ವಾರ ಉಮೆತ್ಸುಗು ಇನೋಎ ನಿರ್ದೇಶನದ 'ಅರಾಶಿ ಓ ಯೋಬು ಒತೊಕೊ' ಬಿಡುಗಡೆಯಾಯಿತು. ಡ್ರಮ್ ಬಾರಿಸುವ ರೌಡಿ ಹುಡುಗ ಯೂಜಿರೋ. ಟೋಕಿಯೋದ ಗಿಂಜಾದಲ್ಲಿ ಜಾಜ್ ತಂಡ ನಡೆಸುವ ಮ್ಯಾನೇಜರ್ ಮಿಯಾಕೋ ನಮ್ಮ ಮಿಯೆ. ಮೊದಲ ಅರ್ಧ ಗಂಟೆ ನೋಡಿ. ಗಂಡಸರ ಗುಂಪಿನ ನಡುವೆ ಈ ಹೆಂಗಸು ಎಷ್ಟು ಖಡಕ್ಕು. ಸೂಟಿನಲ್ಲಿ ಬಂದು ನಿಂತು ಆಳುತ್ತಾಳೆ. ಆಮೇಲೆ ನಿಧಾನಕ್ಕೆ ಅವಳ ಕೆಲಸ ಯೂಜಿರೋನ ಮುಖ ನೋಡೋದು, ಅವನಿಗಾಗಿ ಚಿಂತಿಸೋದು ಅಷ್ಟಕ್ಕೇ ಇಳಿಯುತ್ತದೆ. ಕೈಗೆ ಪೆಟ್ಟಾಗಿ ಡ್ರಮ್ ಬಾರಿಸಲಾಗದೆ ಅವನು ಮೈಕ್ ಹಿಡಿದು ಹಾಡುವ ದೃಶ್ಯಕ್ಕೆ ಜಪಾನ್ ಹುಚ್ಚಾಯಿತು. ಸಿನಿಮಾ ಭರ್ಜರಿ ಹಿಟ್. ನನ್ನ ಪ್ರಕಾರ ಮಿಯೆಯ ನಟನಾ ಬದುಕು ಎರಡು ಹೋಳಾದದ್ದು ಇಲ್ಲೇ.

ಯಾಕೆ ಅಂತ ಹೇಳ್ತೀನಿ. 1958ರಲ್ಲಿ ಜಪಾನಿನಲ್ಲಿ ಮಾರಾಟವಾದ ಸಿನಿಮಾ ಟಿಕೆಟ್ 112 ಕೋಟಿಗೂ ಹೆಚ್ಚು. ಜನಸಂಖ್ಯೆ ಆಗ ಸುಮಾರು 9.2 ಕೋಟಿ. ಮಗು ಮುದುಕರೆಲ್ಲ ಸೇರಿ ತಲೆಗೆ ವರ್ಷಕ್ಕೆ ಹನ್ನೆರಡು ಸಿನಿಮಾ! ಥಿಯೇಟರಿಗೆ ವಾರ ವಾರ ಎರಡೆರಡು ಹೊಸ ಸಿನಿಮಾ ಬೇಕು. ಹಾಗಾಗಿ ಗೆದ್ದ ಅಚ್ಚನ್ನೇ ಮತ್ತೆ ಮತ್ತೆ ಒತ್ತಿದರು. ಯೂಜಿರೋ ಹೊಡೆದಾಡಬೇಕು, ಹಾಡಬೇಕು, ಮಿಯೆ ಪಕ್ಕದಲ್ಲಿ ಇರಬೇಕು. ಇವರಿಬ್ಬರೂ ಸೇರಿ ಇಪ್ಪತ್ತಕ್ಕೂ ಹೆಚ್ಚು ಸಿನಿಮಾ ಮಾಡಿದ್ದಾರೆ. 1960ರ ಹೊತ್ತಿಗೆ ನಿಕ್ಕಾತ್ಸು ತನ್ನ ದೊಡ್ಡ ಸ್ಟಾರ್‌ಗಳಿಗೆ 'ಡೈಮಂಡ್ ಲೈನ್' ಅಂತ ಹೆಸರಿಟ್ಟು ಪ್ರಚಾರ ಮಾಡಿತು. ಯೂಜಿರೋ, ಅಕಿರಾ ಕೊಬಾಯಾಶಿ, ಕೇಯಿಚಿರೋ ಅಕಾಗಿ, ಕೋಜಿ ವಾದಾ. ನಾಲ್ವರೂ ಗಂಡಸರು. 1955ರಲ್ಲಿ ಇಡೀ ದೃಶ್ಯವನ್ನು ಹೆಗಲ ಮೇಲೆ ಹೊತ್ತವರಿಗೆ 1959ರಲ್ಲಿ ಸಿಕ್ಕಿದ್ದು ಕಾಯುವ, ಎಚ್ಚರಿಸುವ, ಕೊನೆಗೆ ನಗುವ ಕೆಲಸ. ಅಲ್ಲೊಂದು ಇಲ್ಲೊಂದು ಒಳ್ಳೆ ಪಾತ್ರ ಇಲ್ಲ ಅಂತಲ್ಲ. 1958ರ 'ಸಬಿತಾ ನೈಫು'ದಲ್ಲಿ ಅವರಿಗೊಂದು ಗಾಂಭೀರ್ಯ ಇದೆ. ಆದರೆ ದಾರಿ ಯಾವ ಕಡೆಗೆ ಅನ್ನೋದು ಸ್ಪಷ್ಟ.

ಈಗ ಮದುವೆ. ಇಬ್ಬರ ಪ್ರೀತಿ ಸ್ಟುಡಿಯೋದಲ್ಲಿ ಎಲ್ಲರಿಗೂ ಗೊತ್ತಿದ್ದ ಗುಟ್ಟು. ಕಂಪನಿಗೆ ಮಾತ್ರ ಬೇಡ. ಅವಿವಾಹಿತ ನಾಯಕನಿಗೆ ಮದುವೆಯಾದರೆ ಹುಡುಗಿಯರು ಟಿಕೆಟ್ ಕೊಳ್ಳೋದು ನಿಲ್ಲಿಸಿಬಿಟ್ಟರೆ? ಇಂಥ ಭಯ ನಮ್ಮ ಕಡೆಯ ನಿರ್ಮಾಪಕರಿಗೂ ಹೊಸದಲ್ಲ ಬಿಡಿ. 1960ರ ಜನವರಿಯಲ್ಲಿ ಇಬ್ಬರೂ ಅಮೆರಿಕಕ್ಕೆ ಹಾರಿಬಿಟ್ಟರು. ಪತ್ರಿಕೆಗಳಿಗೆ ಹಬ್ಬ. ಕೊನೆಗೆ ಕಂಪನಿ ಮಣಿಯಿತು. ಅದೇ ಡಿಸೆಂಬರ್‌ನಲ್ಲಿ ಟೋಕಿಯೋದ ನಿಕ್ಕಾತ್ಸು ಇಂಟರ್‌ನ್ಯಾಷನಲ್ ಹೋಟೆಲಿನಲ್ಲಿ ಮದುವೆ. ಬೇಡ ಅಂದ ಕಂಪನಿಯದೇ ಹೋಟೆಲು! ಸ್ಪೇನಿನಲ್ಲಿ ಚಿತ್ರೀಕರಣ ಮಾಡಿದ್ದ 'ತೋಗ್ಯೂ ನಿ ಕಾಕೆರು ಒತೊಕೊ' ಆ ತಿಂಗಳ ಕೊನೆಗೆ ತೆರೆಗೆ ಬಂತು. ಆ ಗೂಳಿಕಾಳಗದ ಸಿನಿಮಾಕ್ಕೆ ಅವರ ನಟನೆ ಮುಗಿಯಿತು.

ಬಲವಂತವೇ ಅಂತ ಕೇಳಿದ್ದೀರಿ. ಯಾರೋ ಕೈ ಹಿಡಿದು ಎಳೆದು ಕೂರಿಸಿದರು ಅನ್ನೋ ಅರ್ಥದಲ್ಲಿ ಅಲ್ಲ. ಆದರೆ ಆಗಿನ ಜಪಾನಿನಲ್ಲಿ ಮದುವೆಯಾದ ಹೆಣ್ಣು ಕೆಲಸ ಬಿಡೋದು ನಿಯಮವೇ ಆಗಿತ್ತು. ಮಾತಿಗೆ ನಿಯಮ ಅಂದದ್ದಲ್ಲ. ಎಷ್ಟೋ ಕಂಪನಿಗಳು 'ಮದುವೆಯಾದರೆ ರಾಜೀನಾಮೆ ಕೊಡುತ್ತೇನೆ' ಅಂತ ಹೆಣ್ಣುಮಕ್ಕಳಿಂದ ಮೊದಲೇ ಬರೆಸಿಕೊಳ್ಳುತ್ತಿದ್ದವು. ಸುಮಿತೋಮೋ ಸಿಮೆಂಟ್ ಕಂಪನಿಯ ಉದ್ಯೋಗಿಯೊಬ್ಬರು ಇದರ ವಿರುದ್ಧ ಕೋರ್ಟಿಗೆ ಹೋದರು. ಟೋಕಿಯೋ ಜಿಲ್ಲಾ ನ್ಯಾಯಾಲಯ ಅಂಥ ಷರತ್ತು ಸಲ್ಲದು ಎಂದದ್ದು 1966ರಲ್ಲಿ. ಮಿಯೆ ಸಿನಿಮಾ ಬಿಟ್ಟು ಆರು ವರ್ಷದ ನಂತರ. ಸುತ್ತಲಿನ ಗಾಳಿಯೇ ಹಾಗಿದ್ದಾಗ ಯಾವುದು ಇಷ್ಟ, ಯಾವುದು ಬಲವಂತ ಅಂತ ಗೆರೆ ಎಳೆಯೋದು ನನ್ನಿಂದಾಗದು.

ಬಿಡದೇ ಇದ್ದಿದ್ದರೆ? ಇದನ್ನು ನಾನೂ ಯೋಚಿಸಿದ್ದೇನೆ. 1959ರ ಏಪ್ರಿಲ್‌ನಲ್ಲಿ ಯುವರಾಜನ ಮದುವೆ ನೋಡಲು ಜನ ಟಿವಿ ಕೊಂಡರು. 1963ರ ಹೊತ್ತಿಗೆ ಸಿನಿಮಾ ಟಿಕೆಟ್ ಮಾರಾಟ ಅರ್ಧಕ್ಕಿಂತ ಕೆಳಗೆ ಬಿತ್ತು. 1971ರಲ್ಲಿ ನಿಕ್ಕಾತ್ಸು ಹಳೆಯ ದಾರಿ ಬಿಟ್ಟು ಕಾಮಪ್ರಧಾನ ಸಿನಿಮಾಗಳಿಗೆ ಇಳಿಯಿತು. ಮುಳುಗುವ ದೋಣಿಯಿಂದ ಸಕಾಲಕ್ಕೆ ಇಳಿದರು ಅನ್ನಬಹುದು. ಆದರೆ ಯೂಜಿರೋನ ಜೋಡಿಯಾಗಿ ಅವರ ಜಾಗಕ್ಕೆ ಬಂದ ರುರಿಕೋ ಅಸಾವೊಕಾ ಅವರನ್ನು ನೋಡಿ. ಸ್ಟುಡಿಯೋ ಕಾಲ ಮುಗಿದ ಮೇಲೂ ನಿಂತರು. 1973ರಲ್ಲಿ ಶೋಚಿಕುವಿನ 'ತೊರಾ-ಸಾನ್' ಸರಣಿಯಲ್ಲಿ ಲಿಲಿ ಎಂಬ ಊರೂರು ಅಲೆಯುವ ಹಾಡುಗಾರ್ತಿಯಾಗಿ ಜನರ ಮನಸ್ಸಲ್ಲಿ ಉಳಿದರು. ಮಿಯೆಗೆ 40 ವರ್ಷವಾದಾಗ ಅಂಥದ್ದೊಂದು ಪಾತ್ರ ಸಿಕ್ಕಿದ್ದರೆ ಅಂತ ಆಸೆಯಾಗುತ್ತದೆ. ಹಾಸ್ಯ ಗೊತ್ತಿದ್ದವರು, ಸುಲಭವಾಗಿ ಸವೆಯುತ್ತಿರಲಿಲ್ಲ.

ನಂತರದ ಬದುಕು ಬೇಗ ಹೇಳಿಬಿಡ್ತೀನಿ. ಮಾಕಿಕೋ ಇಶಿಹಾರಾ ಆಗಿ ಮನೆಯಲ್ಲಿ ಇದ್ದರು. 1963ರಲ್ಲಿ ಯೂಜಿರೋ ಸ್ವಂತ ನಿರ್ಮಾಣ ಸಂಸ್ಥೆ ಕಟ್ಟಿದ. 1981ರಲ್ಲಿ ಮಹಾಪಧಮನಿಯ ತೊಂದರೆಯಿಂದ ಸಾವಿನ ಅಂಚಿಗೆ ಹೋಗಿ ಬಂದ. 1987ರ ಜುಲೈ 17ರಂದು ಪಿತ್ತಜನಕಾಂಗದ ಕ್ಯಾನ್ಸರ್‌ನಿಂದ ತೀರಿಕೊಂಡಾಗ ಆತನಿಗೆ 52. ಆಮೇಲೆ ಸಂಸ್ಥೆಯ ಮುಖ್ಯಸ್ಥೆಯಾಗಿ ಕೂತವರು ಮಾಕಿಕೋ. ಅದು 2021ರ ಜನವರಿಯಲ್ಲಿ ಬಾಗಿಲು ಹಾಕಿತು. ಅಂದರೆ ನಟಿಯಾಗಿ ಇದ್ದದ್ದು ಎಂಟು ವರ್ಷ, ಸಿನಿಮಾ ವ್ಯವಹಾರದ ಜೊತೆ ಇದ್ದದ್ದು ಅದರ ಎಷ್ಟೋ ಪಟ್ಟು.

ಯಾವುದು ನೋಡಬೇಕು? ಮೊದಲು 'ತ್ಸುಕಿ ವಾ ನೊಬೊರಿನು'. ಕಿನುಯೋ ತನಾಕಾ ನಿರ್ದೇಶಿಸಿದ ಆರೂ ಸಿನಿಮಾಗಳನ್ನು ಈಚೆಗೆ ಸರಿಪಡಿಸಿ ಒಟ್ಟಾಗಿ ತೋರಿಸಿದ್ದಾರೆ, 'ದಿ ಮೂನ್ ಹ್ಯಾಸ್ ರಿಸನ್' ಹೆಸರಲ್ಲಿ ಹುಡುಕಿ. ಆಮೇಲೆ 'ಐ ಆ್ಯಮ್ ವೇಟಿಂಗ್', ನಾನು ಮೇಲೆ ಹೇಳಿದ ಬಂದರಿನ ಕತೆ. ಅದೂ 'ರಸ್ಟಿ ನೈಫ್' (ಮೇಲೆ ಹೇಳಿದ 'ಸಬಿತಾ ನೈಫು') ಕೂಡ ಕ್ರೈಟೀರಿಯನ್ ಸಂಸ್ಥೆಯ 'ನಿಕ್ಕಾತ್ಸು ನ್ವಾರ್' ಡಿವಿಡಿ ಸೆಟ್‌ನಲ್ಲಿ ಇಂಗ್ಲಿಷ್ ಸಬ್‌ಟೈಟಲ್ ಸಮೇತ ಇವೆ. ಡ್ರಮ್ ಸಿನಿಮಾ ಕೊನೆಗೆ ಇಟ್ಟುಕೊಳ್ಳಿ, ಮೊದಲೇ ನೋಡಿದರೆ ಮಿಯೆ ಇಷ್ಟೇನಾ ಅನಿಸಿಬಿಡುತ್ತದೆ.

ಇಂಥ ಚಿಕ್ಕ ಅವಧಿಯ ನಟಿಯರು ಇನ್ನೂ ಇದ್ದಾರೆ. ನಿಕ್ಕಾತ್ಸುವಿನದೇ ಇಜುಮಿ ಅಶಿಕಾವಾ, 1968ರಲ್ಲಿ ನಟ ತಾತ್ಸುಯಾ ಫುಜಿ ಅವರನ್ನು ಮದುವೆಯಾಗಿ ನಟನೆ ಬಿಟ್ಟರು. ಶೋಚಿಕುವಿನ ಮಿಯುಕಿ ಕುವಾನೋ ಕೂಡ 1967ರಲ್ಲಿ ಬಿಟ್ಟರು. ನಾಗಿಸಾ ಓಶಿಮಾ ಅವರ 'ಕ್ರುಯಲ್ ಸ್ಟೋರಿ ಆಫ್ ಯೂತ್' ಸಿನಿಮಾದಲ್ಲಿ ಆಕೆಯೇ ನಾಯಕಿ. 1960ರಲ್ಲಿ ಬಂದದ್ದು. 'ಕ್ರೇಜ್ಡ್ ಫ್ರೂಟ್' ಹಿಡಿಸಿದವರಿಗೆ ಅದೂ ಹಿಡಿಸುತ್ತದೆ, ಆದರೆ ಅದು ಇನ್ನೂ ಕಹಿ. ಸಂಜೆ ಹೊತ್ತು ಹಗುರಾಗಿ ಏನಾದರೂ ನೋಡೋಣ ಅಂತ ಹಾಕಬೇಡಿ.